ಜಾಳು, ಅಂಗೈಯಗಲ ಬಿಟ್ಟು

ನಿಮ್ಮ ಕಡೆ ಜಾಳು ಎಂದರೆ ಬೈಗುಳ ಎಂದು ನನಗೆ ಗೊತ್ತು. ನೇಯ್ಗೆ ಸಡಿಲವಾದರೆ ಜಾಳು ಬಟ್ಟೆ, ಬೇಳೆ ಕಡಿಮೆಯಾದರೆ ಜಾಳು ಸಾರು, ತಿರುಳಿಲ್ಲದಿದ್ದರೆ ಜಾಳು ಮಾತು. ಒಮ್ಮೆ ಹೊಳೆಯಾಚೆಯ ಸಂತೆಗೆ ಹೋಗಿದ್ದಾಗ ಬಟ್ಟೆ ಅಂಗಡಿಯವನೊಬ್ಬ ಸೀರೆಯ ಅಂಚನ್ನು ಎರಡೂ ಕೈಯಲ್ಲಿ ಹಿಗ್ಗಿಸಿ ಹಿಡಿದು, "ನೋಡಿ ತಾಯಿ, ಬಿಸಿಲಿಗೆ ಹಿಡಿದ್ರೂ ಬೆಳಕು ನುಸುಳಲ್ಲ, ನಮ್ಮಲ್ಲಿ ಜಾಳು ಅನ್ನೋ ಮಾತೇ ಇಲ್ಲ" ಎಂದು ಹೆಮ್ಮೆಪಟ್ಟ. ನನಗೆ ಅವನ ಮೇಲೆ ಕನಿಕರ ಬಂತು. ಅಷ್ಟು ಒತ್ತಾದ ಬಟ್ಟೆ ಉಟ್ಟುಕೊಂಡು ಅವನ ಹೆಂಡತಿ ಮನೆಯಲ್ಲಿ ಹೇಗೆ ಓಡಾಡುತ್ತಾಳೋ ಎಂದುಕೊಂಡೆ.

ನಮ್ಮೂರಲ್ಲಿ ಅದಕ್ಕಿಂತ ದೊಡ್ಡ ಹೊಗಳಿಕೆ ಇಲ್ಲ. ಮಗು ಕಾಲಿಗೆ ಬಿದ್ದರೆ "ಜಾಳಾಗಿರು ಮಗಾ" ಎಂದು ತಲೆ ಸವರುತ್ತೇವೆ. ಹೆಣ್ಣು ನೋಡಿ ಬಂದವರು "ಒಳ್ಳೆ ಜಾಳು ಹುಡುಗಿ" ಎಂದುಬಿಟ್ಟರೆ ಮಿಕ್ಕಿದ್ದನ್ನು ಯಾರೂ ಕೇಳುವುದಿಲ್ಲ, ಓಲಗದವರಿಗೆ ಹೇಳಿ ಕಳಿಸುತ್ತಾರೆ. ಬೆಳಿಗ್ಗೆ ಬೀದಿಯಲ್ಲಿ ನಿಂತು ಜಗಳವಾಡಿ, ಸಂಜೆ ಅದೇ ಮನೆಗೆ ಹೆಪ್ಪು ಕೇಳಿಕೊಂಡು ಹೋಗುವವಳು ಜಾಳು. ಹಗಲೆಲ್ಲ ಕದ ತೆರೆದೇ ಇಟ್ಟ ಮನೆ ಜಾಳು ಮನೆ. ಮಂಜು ಕರಗಿ ಹೊಳೆಯ ಆಚೆ ದಡ ಕಾಣುವ ಬೆಳಗು ಜಾಳು ಬೆಳಗು. ನರಳದೆ ಕಣ್ಣು ಮುಚ್ಚಿದವರನ್ನು ಕುರಿತು "ಜಾಳಾಗಿ ಹೋದರು" ಎನ್ನುತ್ತೇವೆ, ಒಳಗೊಳಗೇ ನಮಗೂ ಅದೇ ಬೇಡಿಕೊಳ್ಳುತ್ತೇವೆ.

ಯಾಕೆಂದರೆ ನಮ್ಮೂರಲ್ಲಿ ಆಡಿದ ಮಾತು ಬಟ್ಟೆಗೆ ಇಳಿಯುತ್ತದೆ. ಇಬ್ಬನಿ ಹುಲ್ಲಿಗೆ ಇಳಿದ ಹಾಗೆ, ಸದ್ದಿಲ್ಲದೆ. ಇಳಿದದ್ದು ಬಿಸಿಲಿಗೆ ಆರುವುದಿಲ್ಲ, ಗಾಳಿಗೆ ಹಾರುವುದಿಲ್ಲ. ಹಿಂಡಿದರೆ ಹನಿ ಹನಿಯಾಗಿ, ಆಡಿದವರ ದನಿಯಲ್ಲೇ ಒಂದು ಸಲ ನುಡಿದು ಹೋಗುತ್ತದೆ; ಇಲ್ಲ, ನೀರಿಗೆ ಅದ್ದಿದರೆ ತೊಳೆದು ಹೋಗುತ್ತದೆ. ಅಲ್ಲಿಯವರೆಗೆ ಹೊರಬೇಕು. ಅದಕ್ಕೇ ನಾವು ಬಲೆ ಉಡುತ್ತೇವೆ. ಹುರಿಯನ್ನು ಗಂಟು ಗಂಟಾಗಿ ಹೆಣೆದ ಅಂಗಿ, ಹೆಣೆದ ಕುಪ್ಪಸ, ಹೆಣೆದ ಸೀರೆ. ಮಾನಕ್ಕೆ ಎಷ್ಟು ಪದರ ಬೇಕೋ ಅಷ್ಟು ಪದರ, ಆದರೆ ಪ್ರತಿ ಪದರಕ್ಕೂ ಕಣ್ಣು ಇರಲೇಬೇಕು, ಮಾತು ಒಳಗೆ ಬಂದ ದಾರಿಯಲ್ಲೇ ಹೊರಗೆ ಹೋಗಬೇಕು. ಹೆಣೆಯುವುದು ನನ್ನ ಕೆಲಸ. ಬಟ್ಟೆ ಕೇಳಿಕೊಂಡು ಬಂದವರನ್ನು ನಾನು ಎದೆಯ ಅಳತೆ ಕೇಳುವುದಿಲ್ಲ, ಮನೆಯಲ್ಲಿ ಯಾರ್‍ಯಾರಿದ್ದಾರೆ ಎಂದು ಕೇಳುತ್ತೇನೆ. ಅಂಗಡಿ ಇಟ್ಟವನಿಗೆ ಬಳೆ ತೂರುವಷ್ಟು ದೊಡ್ಡ ಕಣ್ಣು. ಹೊಸದಾಗಿ ಮದುವೆಯಾದವಳಿಗೆ ಭುಜದ ಹತ್ತಿರ ಇನ್ನೂ ಒಂಚೂರು ಅಗಲ, ಅತ್ತೆ ನಿಂತು ಮಾತಾಡುವುದು ಹಿಂದಿನಿಂದ ತಾನೆ.

ಒತ್ತು ಬಟ್ಟೆ ನಮ್ಮಲ್ಲಿ ಇಲ್ಲವೇ ಇಲ್ಲ ಎಂದಲ್ಲ. ಪರವೂರಿಗೆ ಹೋಗಿಬರಲು ಮನೆಗೊಂದು ಬಟ್ಟೆ ಇಟ್ಟುಕೊಳ್ಳುತ್ತೇವೆ, ಬಲೆ ಉಟ್ಟು ಹೋದರೆ ಅಲ್ಲಿ ನಾಯಿಗಳು ಬೊಗಳುತ್ತವೆ. ಬಂದ ಕೂಡಲೇ ಅದನ್ನು ಹೊಳೆಗೆ ಅದ್ದಿ, ಒಣಗಿಸಿ, ಪೆಟ್ಟಿಗೆಗೆ ಸೇರಿಸಬೇಕು. ಸೋಮಾರಿಗಳು ಹಾಗೇ ಸುತ್ತಿಡುತ್ತಾರೆ, ಆ ಮಾತು ಬೇರೆ. ಇನ್ನೊಂದು, ಉಪ್ಪಿನಕಾಯಿ ಭರಣಿಯ ಬಾಯಿಗೆ ಕಟ್ಟುವ ಬಟ್ಟೆ. ಅದು ಬಲೆಯಾದರೆ ನೊಣ ಹೋಗುತ್ತದೆ, ಒತ್ತಾದರೆ ಮಾತು ಹಿಡಿಯುತ್ತದೆ. ಆದ್ದರಿಂದ ಭರಣಿಯನ್ನು ಯಾರೂ ಓಡಾಡದ ಕತ್ತಲೆ ಮೂಲೆಯಲ್ಲಿಡುತ್ತೇವೆ, ತೆಗೆಯುವಾಗ ತುಟಿ ಬಿಚ್ಚುವುದಿಲ್ಲ. ಮಾತು ಬಿದ್ದ ಉಪ್ಪಿನಕಾಯಿಗೆ ಬೂಷ್ಟು ಬರುತ್ತದೆ. ಊಟದ ನಡುವೆ ನಮ್ಮೂರ ಹೆಂಗಸು ಇದ್ದಕ್ಕಿದ್ದಂತೆ ಮಾತು ನಿಲ್ಲಿಸಿ ಎದ್ದು ಹೋದಳೆಂದರೆ ಸಿಟ್ಟು ಬಂದಿದೆ ಎಂದುಕೊಳ್ಳಬೇಡಿ, ಉಪ್ಪಿನಕಾಯಿ ತರುತ್ತಾಳೆ.

ಈಗ ಶಿವನಂಜಿಯ ವಿಷಯಕ್ಕೆ ಬರುತ್ತೇನೆ. ಅವಳು ನನ್ನ ವಾರಗಿತ್ತಿ, ನನ್ನ ಮೈದುನ ಮರಿದೇವನ ಹೆಂಡತಿ. ಎರಡು ಮನೆಗೂ ನಡುವೆ ಒಂದು ಗೋಡೆ, ಗೋಡೆಯಲ್ಲಿ ಒಂದು ಕಿಂಡಿ. ನಾನು ಆ ಕಿಂಡಿಯಲ್ಲಿ ಬಟ್ಟಲು ಚಾಚಿದರೆ ಆ ಕಡೆಯಿಂದ ಸಾರು ಬರುತ್ತಿತ್ತು, ಅವಳು ಚಾಚಿದರೆ ಈ ಕಡೆಯಿಂದ ಪಲ್ಯ ಹೋಗುತ್ತಿತ್ತು. ಮರಿದೇವ ಹೊಳೆಯಲ್ಲಿ ಹರಿಗೋಲು ಹಾಕುತ್ತಿದ್ದ. ಮಾತು ಕಡಿಮೆ, ನಗು ಜಾಸ್ತಿ. ಅವನ ಅಣ್ಣ, ಅಂದರೆ ನಮ್ಮನೆಯವರು, ಇಡೀ ವಂಶದ ಮಾತನ್ನು ಒಬ್ಬರೇ ಆಡಿಬಿಡುತ್ತಾರಾದ್ದರಿಂದ ಅವನಿಗೆ ಉಳಿದದ್ದೇ ಅಷ್ಟು.

ಮಳೆಗಾಲ ಹಿಡಿಯುವ ಹೊತ್ತಿಗೆ ಮರಿದೇವ ಪರವೂರಿಗೆ ಹೋಗಿಬಂದ. ಅವನ ಪರವೂರ ಬಟ್ಟೆ ಒಂದು ಉಣ್ಣೆ ಕೋಟು, ದಪ್ಪದ್ದು, ಮೊಣಕಾಲು ಮುಟ್ಟುವಂಥದ್ದು. ಶಿವನಂಜಿ ಅದನ್ನು ಚೆನ್ನಾಗಿ ಅದ್ದಿ, ಅಲುಬಿ, ಹಗ್ಗದ ಮೇಲೆ ಹರವಿದ್ದಳು. ಮಧ್ಯಾಹ್ನ ಗಾಳಿ ಎದ್ದಿತು. ಅವಳು ಕೋಟನ್ನು ಹಗ್ಗದಿಂದ ಎಳೆದು ಹೆಗಲ ಮೇಲೆ ಹಾಕಿಕೊಂಡು ಒಳಗೆ ಬರುತ್ತಿದ್ದಾಗ ಮರಿದೇವ ಹರಿಗೋಲನ್ನು ದಡಕ್ಕೆ ಎಳೆದು ಕಟ್ಟಿ ಬರಲು ಹೊರಟ. ಹೊರಡುವಾಗ ಏನೋ ಹೇಳಿದ. ಗೋಡೆಯ ಈ ಕಡೆ ಇದ್ದ ನನಗೆ ದನಿ ಕೇಳಿಸಿತು, ಮಾತು ಕೇಳಿಸಲಿಲ್ಲ. ಹೊಳೆ ಅವನನ್ನು ಕೆಳಗಿನ ಮಡುವಿನ ತನಕ ಕೊಂಡೊಯ್ದು ಬಿಟ್ಟುಕೊಟ್ಟಿತು.

ಮಣ್ಣು ಮುಗಿಸಿ ಬಂದ ಮೇಲೆ ಶಿವನಂಜಿ ಆ ಕೋಟು ತೊಟ್ಟು ಜಗಲಿಯ ಕಂಬಕ್ಕೆ ಒರಗಿ ಕೂತಳು. ಅಷ್ಟೇ, ಆಮೇಲೆ ಅದನ್ನು ತೆಗೆಯಲಿಲ್ಲ. ತೊಳೆದ ಕೋಟಿನಲ್ಲಿ ಗಂಡನ ಕೊನೆಯ ಮಾತೊಂದೇ ಇದೆ, ಬೇರೆ ಏನೂ ಇಲ್ಲ ಎಂಬುದು ಅವಳಿಗೆ ಗೊತ್ತಿತ್ತು, ನೋಡಿದ ನಮಗೂ ಗೊತ್ತಾಯಿತು. ಹೊಸತರಲ್ಲಿ ಹಾಗೆ ಕೂರುವುದು ಸಹಜ ಎಂದು ಸುಮ್ಮನಾದೆವು.

ಸುಮ್ಮನಾದೆವು ಅಂದೆನಲ್ಲ, ಅದು ಸರಿಯಲ್ಲ. ನಾವು ಯಾರೂ ಸುಮ್ಮನಿರಲಿಲ್ಲ. ಊರಿಗೆ ಊರೇ ಬಂದು ಸಮಾಧಾನ ಹೇಳಿತು. ಎದುರುಮನೆಯ ಚಿನ್ನತಾಯಮ್ಮ ದಿನಾ ತಿಂಡಿ ಮುಗಿಸಿ ಬಂದರೆ ಬಿಸಿಲು ಏರುವ ತನಕ ಕೂರುತ್ತಿದ್ದಳು. "ನಮ್ಮತ್ತೆ ಹೋದಾಗ ನಾನೂ ಹಿಂಗೇ ಕೂತಿದ್ದೆ ಕಣೆ, ಆಮೇಲೆ ಎದ್ದೆ, ಈಗ ನೋಡು ಹೆಂಗಿದೀನಿ" ಎನ್ನುತ್ತಿದ್ದಳು. ಊರಿನ ಹಿರಿಯ ಗುರುಪಾದಪ್ಪನವರು ಕೋಲೂರಿಕೊಂಡು ಬಂದು, "ದೇಹ ಅನ್ನೋದು ಬಾಡಿಗೆ ಮನೆ ಕಣವ್ವ" ಎಂದು ಶುರುಮಾಡಿದರೆ ಅವರಿಗೆ ಕಾಫಿ ಕೊಡುವ ತನಕ ನಿಲ್ಲುತ್ತಿರಲಿಲ್ಲ. ನಾನಂತೂ ಪಕ್ಕದ ಮನೆಯವಳು, ಹೋಗುತ್ತಾ ಬರುತ್ತಾ ಒಂದೊಂದು ಮಾತು. ಎಲ್ಲ ಮಾತೂ ನಮ್ಮ ಬಲೆಗಳ ಕಣ್ಣಿನಲ್ಲಿ ಬಂದು ಹೋಗುತ್ತಿದ್ದವು. ಎದ್ದು ಹೋಗುವಾಗ ನಮಗೆಲ್ಲ ಹಗುರವಾಗಿರುತ್ತಿತ್ತು. ಒಂದು ಒಳ್ಳೆಯ ಕೆಲಸ ಮಾಡಿದ ಹಗುರ.

ಶಿವನಂಜಿ ಮಾತ್ರ ದಿನದಿಂದ ದಿನಕ್ಕೆ ಕುಸಿದಳು. ಮೊದಮೊದಲು ಕಂಬ ಹಿಡಿದು ಏಳುತ್ತಿದ್ದವಳು ಆಮೇಲೆ ನನ್ನ ಕೈ ಹಿಡಿದು ಎದ್ದಳು, ಆಮೇಲೆ ನಾನು ಮತ್ತು ನಮ್ಮನೆಯವರು ಸೇರಿ ಎತ್ತಬೇಕಾಯಿತು. ಕೋಟು ನೀರಲ್ಲಿ ನೆಂದ ಕಂಬಳಿಯಂತೆ ಅವಳ ಹೆಗಲನ್ನು ಕೆಳಗೆ ಎಳೆಯುತ್ತಿತ್ತು. ಉಸಿರು ಮೇಲಿನಿಂದ ಮೇಲೆಯೇ ಆಡುತ್ತಿತ್ತು. ಒಂದು ದಿನ ಗಂಜಿ ಕುಡಿಸಲು ಹೋದರೆ ಬಟ್ಟಲು ಎತ್ತಲು ಅವಳಿಗೆ ಕೈಯೇ ಬರಲಿಲ್ಲ, ತೋಳು ನೆಲಕ್ಕೆ ಅಂಟಿಕೊಂಡಿತ್ತು.

"ಪಾಪ, ಅವನ ಕೊನೇ ಮಾತು ಎಷ್ಟು ತೂಕದ್ದೋ" ಎಂದಳು ಚಿನ್ನತಾಯಮ್ಮ.

"ಸಾಯೋನ ಮಾತು ಅಂದ್ರೆ ಸುಮ್ನೇನಾ? ಇಡೀ ಬದುಕಿನ ತೂಕ ಅದರಲ್ಲಿರುತ್ತೆ. ದಿನಾ ಬೆಳೀತಿದೆ ಅದು" ಎಂದರು ಗುರುಪಾದಪ್ಪನವರು.

ನಾವು ತಲೆಯಾಡಿಸಿದೆವು. ಯಾರಿಗೂ ಬೇರೆ ಏನೂ ಹೊಳೆಯಲಿಲ್ಲ. ಮಾತಿಗೆ ತೂಕವಿದೆ ಎಂದು ಹುಟ್ಟಿದಾಗಿನಿಂದ ಹೇಳಿಕೊಂಡು ಬಂದವರು ನಾವು, ಆದರೆ ಆ ತೂಕವನ್ನು ಮೈಮೇಲೆ ಹೊತ್ತವರು ನಮ್ಮಲ್ಲಿ ಯಾರಿದ್ದರು? ಮಾತು ಬಂದದ್ದೂ ಗೊತ್ತಾಗದ ಹಾಗೆ, ಹೋದದ್ದೂ ಗೊತ್ತಾಗದ ಹಾಗೆ ಹೆಣೆದುಕೊಂಡಿದ್ದೆವು.

ಕೊನೆಗೆ ಹಿರಿಯರು ಸೇರಿ ತೀರ್ಮಾನ ಮಾಡಿದರು. ಕೋಟನ್ನು ಬಿಚ್ಚಿ ಹೊಳೆಗೆ ಅದ್ದುವುದು, ಅಷ್ಟೇ ದಾರಿ. ಹಾಗೇ ಬಿಟ್ಟರೆ ಹೆಣ್ಣು ಉಸಿರು ಕಟ್ಟಿ ಹೋಗುತ್ತಾಳೆ. ಹೇಳಲು ಎಲ್ಲರೂ ಬಂದು ಜಗಲಿಯ ಮುಂದೆ ನಿಂತರು. ಶಿವನಂಜಿ ಕಣ್ಣು ತೆರೆದು ಎಲ್ಲರನ್ನೂ ನೋಡಿದಳು.

"ಅದ್ದಿ ಮಾವ. ನನ್ನೂ ಸೇರಿಸಿ ಅದ್ದಿ" ಎಂದು ಗುರುಪಾದಪ್ಪನವರಿಗೆ ಹೇಳಿದಳು.

"ಹಂಗಂದ್ರೆ ಹೆಂಗವ್ವ? ಹೋದದ್ದು ಹೋಯ್ತು, ಇರೋದನ್ನ ಉಳಿಸ್ಕೋಬೇಕಲ್ವಾ?"

"ನಾನೂ ಅದನ್ನೇ ಹೇಳ್ತಿರೋದು. ಇರೋದು ಇದೊಂದೇ."

ಗುರುಪಾದಪ್ಪನವರು ನನ್ನ ಕಡೆ ತಿರುಗಿದರು. "ನಿನ್ನ ವಾರಗಿತ್ತಿ, ನೀನಾದ್ರೂ ಬುದ್ಧಿ ಹೇಳು ದೇವೀರಮ್ಮ. ನಾಳೆ ನಾಳಿದ್ದರಲ್ಲಿ ಒಪ್ಪಲಿಲ್ಲ ಅಂದ್ರೆ ನಾವೇ ಹಿಡಿದು ಬಿಚ್ಚಬೇಕಾಗುತ್ತೆ." ಅವರು ಕೆಟ್ಟವರಲ್ಲ. ಕಣ್ಣಲ್ಲಿ ನೀರಿತ್ತು.

ನಾನು ಬುದ್ಧಿ ಹೇಳಲಿಲ್ಲ. ಮನೆಗೆ ಬಂದು ರಾಗಿಹಿಟ್ಟು ಜರಡಿ ಹಿಡಿಯುತ್ತಾ ಕೂತೆ. ಕೈಯಲ್ಲಿ ಕೆಲಸವಿದ್ದರೆ ತಲೆ ತಾನಾಗಿ ಓಡುತ್ತದೆ. ಹಿಟ್ಟು ಇಳಿಯಿತು, ತೌಡು ಮೇಲೆ ನಿಂತಿತು. ನನಗೆ ಹೊಳೆಯಿತು. ಕೋಟನ್ನು ನೀರಿಗೆ ಯಾಕೆ ಅದ್ದಬೇಕು? ಒಂದು ಬಲೆಯ ಮೇಲೆ ಹಿಂಡಿದರಾಯಿತು. ಕಣ್ಣಿನ ಅಳತೆ ಸರಿ ಹಿಡಿದರೆ ಈಚೆಗೆ ಅದಕ್ಕೆ ಇಳಿದ ನಮ್ಮೆಲ್ಲರ ಚಿಲ್ಲರೆ ಮಾತು ಸೋರಿಹೋಗುತ್ತದೆ, ಮರಿದೇವನ ದೊಡ್ಡ ಮಾತೊಂದು ಮೇಲೆ ನಿಲ್ಲುತ್ತದೆ. ಆ ಬಲೆಯನ್ನೇ ಅವಳಿಗೆ ಕೊಟ್ಟರೆ ಆಯಿತು.

ಶಿವನಂಜಿಗೆ ಹೇಳಿದೆ.

"ಕಳೆದುಹೋಗಲ್ಲ ತಾನೆ ಅಕ್ಕ?"

"ನಾನು ಹೆಣೆದ ಬಲೇಲಿ ಇವತ್ತಿನ ತನಕ ಬೇಡದ್ದು ನಿಂತಿಲ್ಲ, ಬೇಕಾದ್ದು ಹೋಗಿಲ್ಲ."

"ಸರಿ. ನನ್ನ ಕಣ್ಣೆದುರಿಗೇ ಆಗಬೇಕು."

ಕಡಲೆಕಾಳು ತೂರುವಷ್ಟು ಕಣ್ಣಿಟ್ಟು ಹೆಣೆದೆ. ಕೈ ನಿಲ್ಲಿಸದೆ ಹೆಣೆದೆ. ನಮ್ಮನೆಯವರು ಪಕ್ಕದಲ್ಲಿ ಕೂತು, "ಲೇ, ಇನ್ನೂ ಒಂಚೂರು ಅಗಲ ಬಿಡೇ, ಆ ಚಿನ್ನತಾಯಮ್ಮನ ಮಾತು ಇದರಲ್ಲಿ ಸಿಕ್ಕಾಕ್ಕೊಳುತ್ತೆ" ಎನ್ನುತ್ತಿದ್ದರು. ನಾನು ನಗಲಿಲ್ಲ. ನಕ್ಕಿದ್ದರೂ ನಡೆಯುತ್ತಿತ್ತು, ಅವರು ಹೇಳಿದ್ದು ನಿಜವಾಗಿತ್ತು.

ಜಾಳು ಬೆಳಗೊಂದು ನೋಡಿ ಕೆಲಸ ಶುರುಮಾಡಿದೆವು. ಶಿವನಂಜಿಯ ಮನೆಯ ಹಿತ್ತಲಲ್ಲಿ ಬಚ್ಚಲ ಮೋರಿಯ ಮೇಲೆ ನಾಲ್ಕು ಗೂಟ ನೆಟ್ಟು ಬಲೆ ಕಟ್ಟಿದೆವು, ಸೋರಿದ್ದು ಹಾಗೇ ಹರಿದು ಹೊಳೆ ಸೇರಲಿ ಎಂದು. ಅವಳ ಮೈಯಿಂದ ಕೋಟು ಬಿಡಿಸಿದಾಗ ಒಳಗೆ ಇದ್ದದ್ದು ಒಂದು ಹಿಡಿ ಹೆಣ್ಣು. ಗೋಡೆಗೆ ಒರಗಿಸಿ ಕೂರಿಸಿದೆವು. ಕೋಟಿನ ಒಂದು ತುದಿ ನಮ್ಮನೆಯವರು ಹಿಡಿದರು, ಇನ್ನೊಂದು ತುದಿ ನಾನು. ಚಿನ್ನತಾಯಮ್ಮ, ಗುರುಪಾದಪ್ಪನವರು, ಬೀದಿಯ ಮಿಕ್ಕವರು ಹಿತ್ತಲ ತುಂಬಾ ನಿಂತಿದ್ದರು. ಹಿಂಡಿದಾಗ ಕೊನೆಗೆ ಇಳಿದದ್ದು ಮೊದಲು ಬರುತ್ತದೆ, ಮೊದಲು ಇಳಿದದ್ದು ಕೊನೆಗೆ; ಬಿಗಿಯಾಗಿ ತಿರುವಿ ಹಿಡಿದ ಬಟ್ಟೆಗೆ ಹೊಸ ಮಾತು ಇಳಿಯುವುದಿಲ್ಲ. ಆದ್ದರಿಂದ ಮರಿದೇವನ ಮಾತು ಕಟ್ಟಕಡೆಗೆ.

ಮೊದಲ ತಿರುವಿಗೇ ಗುರುಪಾದಪ್ಪನವರು ಬಂದರು. "ದೇಹ ಅನ್ನೋದು ಬಾಡಿಗೆ ಮನೆ ಕಣವ್ವ" ಎಂದು ಬಿದ್ದ ಮಾತು ಬಲೆಯ ಮೇಲೆ ಗಂಜಿಯ ಹಾಗೆ ನಿಂತುಬಿಟ್ಟಿತು, ಕೆಳಗಿಳಿಯಲೇ ಇಲ್ಲ. ಅದರ ಹಿಂದೆ ಮತ್ತೊಂದು ಬಾಡಿಗೆ ಮನೆ, ಅದರ ಹಿಂದೆ ಇನ್ನೊಂದು. ಬೀದಿಯವರಲ್ಲಿ ಯಾರೋ ಕಿಸಕ್ಕನೆ ನಕ್ಕರು. ಆಮೇಲೆ ಚಿನ್ನತಾಯಮ್ಮನ ಅತ್ತೆ ಶುರುವಾದಳು. "ಈಗ ನೋಡು ಹೆಂಗಿದೀನಿ", "ಈಗ ನೋಡು ಹೆಂಗಿದೀನಿ" ಎಂದು ಒಂದರ ಮೇಲೊಂದು ಬಿದ್ದು ಬಲೆ ಜೋತಿತು. ನಕ್ಕವರೂ ಸುಮ್ಮನಾದರು, ಅವರದ್ದೂ ಬರತೊಡಗಿತ್ತು. "ಧೈರ್ಯ ತಗೋ." "ಹಣೇಲಿ ಬರ್ದಿದ್ದು." "ನಿನಗಿಂತ ಕಷ್ಟದಲ್ಲಿರೋರು ಎಷ್ಟು ಜನ ಇಲ್ಲ." "ಸದ್ಯ, ಮಕ್ಕಳಿರಲಿಲ್ಲವಲ್ಲ." ಈ ಮಾತು ಬಿದ್ದಾಗ ಯಾರೂ ತಲೆ ಎತ್ತಲಿಲ್ಲ. ಆಡಿದವರು ಯಾರೆಂದು ದನಿ ಹೇಳಿತು, ನಾನು ಹೇಳುವುದಿಲ್ಲ.

ಕೆಳಗೆ ಸೋರಿದ್ದು ಬರೀ "ಅಯ್ಯೋ", "ಪಾಪ", "ಏನು ಮಾಡೋದು". ಚಿಲ್ಲರೆ ಎಂದು ನಾವು ಎಣಿಸಿದ್ದೆಲ್ಲ ಮೇಲೆ ನಿಂತಿತ್ತು. ಗೂಟಗಳು ಕಿರ್ರೆಂದವು. ನಮ್ಮನೆಯವರು ಕೂಗಿ ಕರೆದ ಮೇಲೆ ಗಟ್ಟಿಮುಟ್ಟಾದ ಗಂಡಸರು ನಾಲ್ಕೂ ಮೂಲೆಗೆ ಹೆಗಲು ಕೊಟ್ಟರು. ಒಬ್ಬೊಬ್ಬರ ಕುತ್ತಿಗೆಯ ನರ ಉಬ್ಬಿತು.

"ಇಷ್ಟು ಭಾರಾನಾ?" ಎಂದ ಅವರಲ್ಲೊಬ್ಬ.

ಕೋಟು ಹಿಂಡಿ ಹಿಂಡಿ ನನ್ನ ಅಂಗೈ ಕೆಂಪಾಗಿತ್ತು. ದಿನಗಳು ಹಿಂದಕ್ಕೆ ಸರಿಯುತ್ತಿದ್ದವು. ಮಳೆಗಾಲದ ಮಾತು ಬಂತು, ತಿಥಿಯ ದಿನದ ಮಾತು ಬಂತು. ಆಮೇಲೆ ಬಂದದ್ದು ನನ್ನ ದನಿ. ಮಣ್ಣು ಮುಗಿಸಿ ಬಂದ ಸಂಜೆ, ಎಲ್ಲರಿಗಿಂತ ಮೊದಲು ಅವಳ ಪಕ್ಕ ಕೂತು, ಬೆನ್ನು ಸವರುತ್ತಾ ನಾನು ಆಡಿದ್ದು.

"ಹೋದೋರು ಬರ್ತಾರೇನೆ ನಂಜಿ? ಎದ್ದೇಳು."

ಒಂದು ಸಲವಲ್ಲ. ಮತ್ತೆ ಮತ್ತೆ. ನನ್ನದೇ ದನಿ, ಎಷ್ಟು ಮೆತ್ತಗೆ, ಎಷ್ಟು ಅಕ್ಕರೆಯಿಂದ. ಬಲೆಯ ಮೇಲೆ ಬಿದ್ದು ಕಲ್ಲಿನಂತೆ ಕೂತಿತು.

ಆಗ ಶಿವನಂಜಿ ಗೋಡೆ ಹಿಡಿದು ಎದ್ದಳು. "ನಿಲ್ಸಕ್ಕ! ಹಿಂಡಬೇಡ, ನಿಲ್ಸು!"

ನಾನು ಹಿಡಿ ಬಿಗಿಮಾಡಿ ನಿಂತೆ.

"ಇನ್ನು ಬರೋದು ಅವರದ್ದು. ಅದು ಸಣ್ಣದಕ್ಕ. ತೀರಾ ಸಣ್ಣ ಮಾತು. ಇದರಲ್ಲಿ ನಿಲ್ಲಲ್ಲ."

ನಾನು ಬಲೆಯ ಕಣ್ಣು ನೋಡಿದೆ, ಕೆಳಗಿನ ಮೋರಿ ನೋಡಿದೆ. ಇಷ್ಟು ಹೊತ್ತು ನಾವು ಕಾಯುತ್ತಿದ್ದದ್ದು ಒಂದು ದೊಡ್ಡ ಮಾತಿಗೆ. ಅವಳು ತಡೆಯದಿದ್ದರೆ ಅವನ ಹನಿ ಸೀದಾ ಮೋರಿಗೆ ಇಳಿದು ಹೊಳೆ ಸೇರುತ್ತಿತ್ತು, ಅವನು ಹೋದ ದಾರಿಯಲ್ಲೇ. ಕೋಟಿನ ತುದಿಯಲ್ಲಿ ಆಗಲೇ ಒಂದು ಹನಿ ಗುಂಡಗೆ ತೂಗಾಡುತ್ತಿತ್ತು.

"ಒಂದು ಒತ್ತು ಬಟ್ಟೆ ತನ್ನಿ, ಬೇಗ!" ಎಂದೆ.

ಚಿನ್ನತಾಯಮ್ಮ ಓಡಿಹೋಗಿ ತನ್ನ ಪರವೂರ ಸೀರೆ ತಂದಳು. ಬಿಚ್ಚುವ ಮೊದಲೇ ಅದರೊಳಗೆ ಸಂತೆಯ ಗದ್ದಲ ಗುಂಯ್ ಎನ್ನುತ್ತಿತ್ತು. "ತೊಳ್ದಿಲ್ವೇನೆ?" ಎಂದೆ. "ಮುಂದಿನ ವಾರ ತೊಳೆಯೋಣ ಅಂತಿದ್ದೆ ಕಣೆ" ಎಂದಳು, ಅಳುಮುಖ ಮಾಡಿಕೊಂಡು. ಇನ್ನೊಬ್ಬರ ಪಂಚೆ ಬಂತು, ಅದರಲ್ಲೂ ಯಾವುದೋ ಊರಿನ ಚೌಕಾಸಿ. ತೊಳೆಯಲು ಹೊತ್ತಿಲ್ಲ, ಒಣಗಿಸಲು ಮೊದಲೇ ಹೊತ್ತಿಲ್ಲ. ಇಡೀ ಬೀದಿಯಲ್ಲಿ ಮಾತು ಬೀಳದ ಒಂದು ತುಂಡು ಬಟ್ಟೆ ಇರಲಿಲ್ಲ.

ಶಿವನಂಜಿ ಅಷ್ಟು ಹೊತ್ತಿಗೆ ಗೋಡೆ ಬಿಟ್ಟು ಒಳಗೆ ಹೊರಟಿದ್ದಳು. ತಿಂಗಳಾನುಗಟ್ಟಲೆ ಎದ್ದು ನಡೆಯದವಳು, ಆಗಷ್ಟೇ ಕಾಲೂರಿದ ಎಳೆಗರುವಿನ ಹಾಗೆ ಅತ್ತಿತ್ತ ವಾಲುತ್ತಾ ಹೋದಳು. ಒಂದು ಮಾತೂ ಆಡಲಿಲ್ಲ. ಅವಳು ತುಟಿ ಬಿಗಿದು ಹೋದ ರೀತಿ ನೋಡಿಯೇ ಹಿತ್ತಲಲ್ಲಿದ್ದ ಹೆಂಗಸರಿಗೆಲ್ಲ ತಿಳಿಯಿತು. ಉಪ್ಪಿನಕಾಯಿ.

ತಂದಳು. ಅಂಗೈಯಗಲದ ಬಟ್ಟೆ, ಅಂಚಿಗೆ ಎಣ್ಣೆ ಹಿಡಿದು ಹಳದಿಯಾಗಿತ್ತು, ಮಾವಿನಕಾಯಿಯ ಘಾಟು ಹೊಡೆಯುತ್ತಿತ್ತು. ಅವಳು ಮದುವೆಯಾಗಿ ಬಂದಾಗಿನಿಂದ ಆ ಬಟ್ಟೆಯ ಮುಂದೆ ಯಾರೂ ತುಟಿ ಬಿಚ್ಚಿರಲಿಲ್ಲ. ಬಲೆಯ ಕೆಳಗೆ ಮಂಡಿಯೂರಿ ಕೂತು ಎರಡೂ ಕೈಯಲ್ಲಿ ಅದನ್ನು ಹರವಿ ಹಿಡಿದಳು. ನಾನು ಕಣ್ಣಲ್ಲೇ ಎಲ್ಲರಿಗೂ ಹೇಳಿದೆ. ಉಸಿರು ಕೂಡ ಜೋರಾಗಿ ಬಿಡಬೇಡಿ. ಈಗ ಯಾರು ಏನು ಆಡಿದರೂ ಅದು ಆ ಬಟ್ಟೆಗೇ ಇಳಿಯುತ್ತದೆ. ಗುರುಪಾದಪ್ಪನವರು ಅಭ್ಯಾಸಬಲದಿಂದ ಬಾಯಿ ತೆರೆದರು. ಚಿನ್ನತಾಯಮ್ಮ, ಅಂಥ ಚಿನ್ನತಾಯಮ್ಮ, ಹಿರಿಯರೆಂದೂ ನೋಡದೆ ಅವರ ಬಾಯಿಗೆ ಕೈ ಅಡ್ಡ ಇಟ್ಟಳು.

ನಾನು ಮೆಲ್ಲಗೆ ತಿರುವಿದೆ. ಹನಿ ಬಿತ್ತು. ಬಲೆಯ ಮೇಲಿದ್ದ ನಮ್ಮ ಮಾತಿನ ಗುಡ್ಡೆಯ ಪಕ್ಕದಲ್ಲಿ, ಒಂದು ಕಣ್ಣಿನ ನಡುವಿನಿಂದ, ಹುರಿಗೂ ತಾಗದೆ ಇಳಿಯಿತು. ಇಳಿಯುವಾಗ ನುಡಿಯಿತು. ಮರಿದೇವನ ದನಿ, ಅರ್ಧ ಬಾಗಿಲ ಹೊರಗೆ ನಿಂತು ಚಪ್ಪಲಿ ಮೆಟ್ಟುತ್ತಾ ಆಡಿದ ದನಿ.

"ಅನ್ನಕ್ಕಿಡು, ಈಗ ಬಂದೆ."

ಬಟ್ಟೆ ಹನಿಯನ್ನು ಹೀರಿಕೊಂಡಿತು. ಶಿವನಂಜಿ ಅದನ್ನು ಮಡಿಸಿ ಎದೆಗೆ ಒತ್ತಿಕೊಂಡಳು. ನಾನು ಬಲೆಯ ಮೇಲೆ ಕೂತಿದ್ದ ನನ್ನ ಮಾತನ್ನು ನೋಡಿದೆ. ಈಗ ಬಂದೆ ಎಂದು ಹೇಳಿ ಹೋದವನ ಮಾತಿನ ಮೇಲೆ, ಹೋದೋರು ಬರ್ತಾರೇನೆ ಎಂಬ ಮಾತನ್ನು ನಾನೇ ಮೊದಲು ಹೇರಿದ್ದೆ. ಅವಳಿಗೆ ಗೊತ್ತಿತ್ತು. ಇಷ್ಟು ದಿನ ನನ್ನ ಕೈಯಿಂದ ಗಂಜಿ ಕುಡಿದಿದ್ದಳು, ಒಂದು ಸಲವೂ ಹೇಳಿರಲಿಲ್ಲ.

ಆಮೇಲೆ ಏನಾಯಿತೆಂದರೆ, ಅವಳು ಒಳಗೆ ಹೋಗಿ ಒಲೆ ಹೊತ್ತಿಸಿದಳು. ಹೊಗೆ ಮಾಡಿನಿಂದ ಏಳುವುದು ನಮಗೆ ಹಿತ್ತಲಿಂದ ಕಂಡಿತು. ಅಕ್ಕಿ ತೊಳೆಯುವ ಸದ್ದು ಕೇಳಿಸಿತು. ಗಂಡಸರು ಬಲೆಯನ್ನು ಹೊತ್ತುಕೊಂಡು ತೂರಾಡುತ್ತಾ ಹೊಳೆಗೆ ಹೋದರು, ದಾರಿಯಲ್ಲಿ ಎರಡು ಕಡೆ ಇಳಿಸಿ ಸುಧಾರಿಸಿಕೊಂಡರಂತೆ. ಬಂದಾಗ ಅನ್ನವಾಗಿತ್ತು. ದೊಡ್ಡ ಹಂಡೆಯಲ್ಲೇ ಇಟ್ಟಿದ್ದಳು. ಭರಣಿಯ ಬಾಯಿಗೆ ಕಟ್ಟಲು ಬಟ್ಟೆ ಇಲ್ಲವಾದ್ದರಿಂದ ಉಪ್ಪಿನಕಾಯಿಯನ್ನು ಅವತ್ತೇ ಮುಗಿಸಬೇಕಾಯಿತು. ಬೀದಿಯವರೆಲ್ಲ ಜಗಲಿಯ ಮೇಲೆ, ಅಂಗಳದಲ್ಲಿ, ಎಲೆ ಹಾಕಿಕೊಂಡು ಬಿಸಿ ಅನ್ನ ಉಪ್ಪಿನಕಾಯಿ ಉಂಡೆವು. ಬಟ್ಟೆ ಇನ್ನೂ ಅವಳ ಎದೆಯ ಮೇಲಿತ್ತು, ಆದ್ದರಿಂದ ಯಾರೂ ಮಾತಾಡಲಿಲ್ಲ. ಸಾಕು ಎನ್ನಲು ಕೈ ಅಡ್ಡ ಹಿಡಿಯುತ್ತಿದ್ದೆವು, ಬೇಕು ಎನ್ನಲು ಸುಮ್ಮನಿರುತ್ತಿದ್ದೆವು. ಖಾರಕ್ಕೆ ಕಣ್ಣು ಮೂಗಲ್ಲಿ ನೀರು ಬರುತ್ತಿತ್ತು. ಖಾರಕ್ಕೇ ಎಂದು ಎಲ್ಲರೂ ನಟಿಸಿದೆವು.

ಮಾರನೆಯ ದಿನ ಅವಳು ನನ್ನ ಹತ್ತಿರ ಬಂದು ಕುಪ್ಪಸ ಹೆಣೆಸಿಕೊಂಡಳು. ಎಡಗಡೆ ಒಳಮೈಗೆ ಆ ಬಟ್ಟೆಯನ್ನು ಇಟ್ಟು, ಮೇಲೆ ಇನ್ನೊಂದು ಪದರ ಎಳೆದು, ಬೇರೆಯವರ ಮಾತು ಸುಲಭಕ್ಕೆ ತಾಗದ ಹಾಗೆ ಹೊಲಿದುಕೊಟ್ಟೆ. ಆ ಕುಪ್ಪಸದಲ್ಲೇ ಈಗಲೂ ಓಡಾಡುತ್ತಾಳೆ. ಹರಿಗೋಲನ್ನು ಅವಳೇ ಹಾಕುತ್ತಾಳೆ. ಹುಟ್ಟು ಹಾಕುವಾಗ ನೋಡಿದರೆ ಎಡ ಹೆಗಲು ಒಂಚೂರೇ ಕೆಳಗೆ ಇಳಿದಿರುತ್ತದೆ. ಅಷ್ಟು ತೂಕ ಅವಳಿಗೆ ಬೇಕು.

ಈಗ ನಮ್ಮೂರಲ್ಲಿ ಸಾವಿನ ಮನೆಗೆ ಹೋದವರು ಅಕ್ಕಿ ತೊಳೆದುಕೊಡುತ್ತಾರೆ, ನೀರು ಸೇದುತ್ತಾರೆ, ಸುಮ್ಮನೆ ಪಕ್ಕದಲ್ಲಿ ಕೂರುತ್ತಾರೆ. ಗುರುಪಾದಪ್ಪನವರಿಗೆ ಮಾತ್ರ ಕಷ್ಟ, ಅವರು ಬಾಯಲ್ಲಿ ಅಡಿಕೆ ಹಾಕಿಕೊಂಡು ಹೋಗುತ್ತಾರೆ. ಜಾಳು ಎಂಬ ಮಾತು ಈಗಲೂ ಹೊಗಳಿಕೆಯೇ. ಆದರೆ ಮಗು ಕಾಲಿಗೆ ಬಿದ್ದರೆ ಈಗ ಹೀಗೆ ಹರಸುತ್ತೇವೆ: "ಅಂಗೈಯಗಲ ಬಿಟ್ಟು ಜಾಳಾಗಿರು ಮಗಾ." ಮೊದಲು ಯಾರು ಹಾಗಂದರೋ ಗೊತ್ತಿಲ್ಲ, ಬಾಯಿಂದ ಬಾಯಿಗೆ ನಿಂತುಬಿಟ್ಟಿತು. ನನ್ನ ಹತ್ತಿರ ಬಟ್ಟೆಗೆ ಬರುವವರು ಮೆಲ್ಲಗೆ, "ಒಳಗಡೆ ಒಂದು ತುಂಡು ಇಡು ದೇವೀರಮ್ಮ" ಎನ್ನುತ್ತಾರೆ. ಎಲ್ಲಿ ಇಡಬೇಕೆಂದು ಅವರೇ ತೋರಿಸುತ್ತಾರೆ. ಯಾರಿಗಾಗಿ ಎಂದು ನಾನು ಕೇಳುವುದಿಲ್ಲ.

ನನ್ನ ಕುಪ್ಪಸಕ್ಕೂ ಒಂದು ಇಟ್ಟುಕೊಂಡೆ. ಬಹಳ ದಿನ ಅದು ಒಣಗೇ ಇತ್ತು. ಜೀವಮಾನವೆಲ್ಲ ಬಲೆ ಉಟ್ಟವಳಿಗೆ ಮಾತು ಮೈಗೆ ಹತ್ತಲು ಹೊತ್ತು ಬೇಕೋ ಏನೋ. ಒಂದು ಬೆಳಿಗ್ಗೆ ಕಿಂಡಿಯಲ್ಲಿ ಬಟ್ಟಲು ಚಾಚಿದೆ. ಮರಿದೇವ ಹೋದ ಮೇಲೆ ಆ ಕಡೆಯಿಂದ ಏನೂ ಬಂದಿರಲಿಲ್ಲ, ನಾನೂ ಕೇಳಿರಲಿಲ್ಲ. ಅವತ್ತು ಕೈ ತಾನಾಗಿ ಹೋಯಿತು. ಆ ಕಡೆ ಸೌಟಿನ ಸದ್ದಾಯಿತು. ಆಮೇಲೆ ಬಟ್ಟಲಿಗೆ ಬಿಸಿ ಸಾರು ಬಿತ್ತು, ಗೋಡೆಯ ಆಚೆಯಿಂದ ಶಿವನಂಜಿ ಅಂದಳು:

"ಜಾಳಾಗಿದೆ ಕಣಕ್ಕ, ಬೇಳೆ ಸಾಲಲಿಲ್ಲ. ಉಂಡು ನೋಡಿ ಹೇಳು."

ನಾನು ಬಟ್ಟಲು ಹಿಡಿದು ಅಲ್ಲೇ ನಿಂತೆ. ಎದೆಯ ಎಡಕ್ಕೆ ಏನೋ ತಣ್ಣಗೆ ಇಳಿದು, ಒದ್ದೆಯಾಗಿ, ತೂಗಿತು. ಇಷ್ಟೊಂದು ಭಾರವೇ ಎಂದುಕೊಂಡೆ. ಹೆಗಲನ್ನು ಒಂಚೂರು ಸರಿಮಾಡಿಕೊಂಡು, ಸಾರು ತುಳುಕದ ಹಾಗೆ ಒಳಗೆ ನಡೆದೆ.